ತಾನೇ ಬರೆದ ಬಾಳು, ಪರರು ಬರೆದ ಬಾಳು: ನವಸ್ಪೇನಿನ ಇಬ್ಬರು ಸ್ತ್ರೀಯರು

೧

ಮೆಕ್ಸಿಕೋ ದೇಶವು ಸ್ಪೇನಿನ ಅರಸರ ಅಧೀನದಲ್ಲಿದ್ದು ನವಸ್ಪೇನ್ ಎಂಬ ಹೆಸರನ್ನು ಹೊತ್ತಿದ್ದ ಕಾಲದಲ್ಲಿ, ಪ್ವೆಬ್ಲಾ ಪಟ್ಟಣದ ದಿಯೆಗೋ ಫೆರ್ನಾಂದೆಸ್ ದ ಲಿಯೋನ್ ಎಂಬವನ ಮುದ್ರಣಾಲಯದಿಂದ ಒಂದು ವರ್ಷದ ಅಂತರದಲ್ಲಿ ಎರಡು ಗ್ರಂಥಗಳು ಹೊರಬಿದ್ದುವು. ೧೬೮೯ರಲ್ಲಿ ಅಚ್ಚಾದುದು ಕತರೀನಾ ದ ಸಾನ್ ಹ್ವಾನ್ ಎಂಬ ವೃದ್ಧೆಯ ಚರಿತ್ರೆಯ ಮೊದಲ ಸಂಪುಟ. ಈಕೆ ಹಿಂದೂದೇಶದಲ್ಲಿ ಹುಟ್ಟಿ, ದಾಸಿಯಾಗಿ ಮಾರಲ್ಪಟ್ಟು, ಎರಡು ಮಹಾಸಾಗರಗಳನ್ನು ದಾಟಿ ಬಂದು, ಓದುಬರಹವರಿಯದೆ ಬಾಳಿ, ಹಿಂದಿನ ವರ್ಷವಷ್ಟೇ ಆ ಪಟ್ಟಣದಲ್ಲಿ ತೀರಿಕೊಂಡಿದ್ದಳು. ೧೬೯೦ರಲ್ಲಿ ಅಚ್ಚಾದುದು ಸೋರ್ ಹ್ವಾನಾ ಇನೆಸ್ ದ ಲಾ ಕ್ರೂಸ್ ಎಂಬ ಸನ್ಯಾಸಿನಿಯು ಬರೆದ ಒಂದು ಖಂಡನಲೇಖ. ಈಕೆಯು ಆ ಕಾಲದ ಸ್ಪ್ಯಾನಿಷ್ ಭಾಷೆಯ ಕವಿಗಳಲ್ಲಿ ಅಗ್ರಗಣ್ಯಳು; ಮೆಕ್ಸಿಕೋ ನಗರದ ಸಂತ ಜೆರೋಮನ ಮಠದಲ್ಲಿ ಇದ್ದವಳು.

ಈ ಎರಡು ಗ್ರಂಥಗಳನ್ನು ಒಟ್ಟಿಗೆ ಇಟ್ಟು ನೋಡುವುದು ಸಾಮಾನ್ಯವಾಗಿ ರೂಢಿಯಲ್ಲಿಲ್ಲ. ಸೋರ್ ಹ್ವಾನಳನ್ನು ಸಾಹಿತ್ಯಚರಿತ್ರೆಯವರೂ, ಕತರೀನಳನ್ನು ಮತಚರಿತ್ರೆಯವರೂ ಹಂಚಿಕೊಂಡಿದ್ದಾರೆ. ಆದರೆ ವಿಮರ್ಶಕನಿಗೆ ಇವುಗಳನ್ನು ಜೊತೆಯಾಗಿ ಓದುವುದರಿಂದ ಒಂದು ಪ್ರಯೋಜನವುಂಟು. ಅಧೀನಸ್ಥಿತಿಯಲ್ಲಿದ್ದ ಸ್ತ್ರೀಯ ಬಾಳು ಬರಹವಾಗಿ ನಮ್ಮ ಕೈಸೇರುವಾಗ ಅದರಲ್ಲಿ ಕೇಳಿಬರುವ ಧ್ವನಿ ಯಾರದು? ಆಕೆಯು ವಿನಯದಿಂದ ಆಡಿದ ಮಾತನ್ನು ನಾವು ಎಷ್ಟರಮಟ್ಟಿಗೆ ನಂಬಬೇಕು? ಆಕೆಯ ಮೌನಕ್ಕೆ ಅರ್ಥ ಹೇಳುವ ಅಧಿಕಾರವು ಯಾರಿಗುಂಟು? ಈ ಪ್ರಶ್ನೆಗಳನ್ನು ಸೋರ್ ಹ್ವಾನಳು ೧೬೯೧ರಲ್ಲಿ ಬರೆದ ಪ್ರಸಿದ್ಧವಾದ ಉತ್ತರಪತ್ರವನ್ನು ಮುಖ್ಯವಾಗಿ ಹಿಡಿದು ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಆ ಪತ್ರವನ್ನು ಕುರಿತು ಎರಡು ಅಭಿಪ್ರಾಯಗಳು ಬಹುಕಾಲದಿಂದ ನಡೆದುಬಂದಿವೆ. ಅದು ಹಿರಿಯರ ಬುದ್ಧಿವಾದಕ್ಕೆ ತಲೆಬಾಗಿದ ವಿಧೇಯಳ ಆತ್ಮನಿವೇದನೆ ಎಂಬುದು ಒಂದು. ಸ್ತ್ರೀಸ್ವಾತಂತ್ರ್ಯದ ರಣಘೋಷ, ಅದರಲ್ಲಿನ ವಿನಯವೆಲ್ಲವೂ ಬರಿಯ ವೇಷ, ಎಂಬುದು ಇನ್ನೊಂದು. ಎರಡೂ ಪತ್ರದ ಅರ್ಧವನ್ನು ಮಾತ್ರ ಓದುತ್ತವೆಂದು ನನಗೆ ತೋರುತ್ತದೆ. ಕಾರಣಗಳನ್ನು ಮುಂದೆ ವಿವರಿಸುತ್ತೇನೆ.

೨

ಮೊದಲು ಆ ಸಮಾಜದಲ್ಲಿ ಸ್ತ್ರೀಯರ ಸ್ಥಿತಿ ಹೇಗಿತ್ತೆಂಬುದನ್ನು ಸಂಕ್ಷೇಪವಾಗಿ ತಿಳಿಯುವುದು ಅಗತ್ಯ. ಸ್ಪೇನಿನ ವಸಾಹತುಗಳಿಗೆ ಕಸ್ತೀಲ್ ರಾಜ್ಯದ ನ್ಯಾಯವೇ ಅನ್ವಯಿಸುತ್ತಿತ್ತು. ಹದಿಮೂರನೆಯ ಶತಮಾನದ ‘ಸಪ್ತಭಾಗ’ವೆಂಬ ಸಂಹಿತೆಯೂ, ೧೫೦೫ರ ತೋರೋ ಶಾಸನಗಳೂ ಅದಕ್ಕೆ ಆಧಾರ. ಈ ನ್ಯಾಯವು ಸ್ತ್ರೀಗೆ ಒಂದು ಕೈಯಿಂದ ಕೊಟ್ಟು ಇನ್ನೊಂದು ಕೈಯಿಂದ ಹಿಡಿದಿಟ್ಟುಕೊಳ್ಳುವಂಥದು. ಹೆಣ್ಣುಮಕ್ಕಳಿಗೆ ತಂದೆಯ ಆಸ್ತಿಯಲ್ಲಿ ಭಾಗವುಂಟು. ವಿವಾಹಕಾಲದಲ್ಲಿ ತಂದ ಧನವು, ನಮ್ಮ ಧರ್ಮಶಾಸ್ತ್ರದ ಸ್ತ್ರೀಧನದಂತೆ, ಅವಳದೇ; ಗಂಡನು ಅದರ ಆಡಳಿತಗಾರನು ಮಾತ್ರ. ದಾಂಪತ್ಯಕಾಲದಲ್ಲಿ ಗಳಿಸಿದ್ದರಲ್ಲಿ ಅರ್ಧವೂ ಅವಳಿಗೆ ಸಲ್ಲುತ್ತಿತ್ತು. ಆದರೆ ಗಂಡನ ಅನುಮತಿಯಿಲ್ಲದೆ ವಿವಾಹಿತೆಯು ಕರಾರು ಮಾಡಲಾರಳು. ಮಕ್ಕಳ ಮೇಲಿನ ಅಧಿಕಾರವು ತಂದೆಗಲ್ಲದೆ ತಾಯಿಗಿರಲಿಲ್ಲ. ವಿಧವೆಯು ಮಾತ್ರ ತನ್ನ ವ್ಯವಹಾರಕ್ಕೆ ತಾನೇ ಒಡತಿಯಾಗಬಹುದಾಗಿತ್ತು.

ನ್ಯಾಯದ ಬೆನ್ನಿಗೆ ಆದರ್ಶವೊಂದಿತ್ತು. ಕುಲಸ್ತ್ರೀಯು ತಂದೆಯ ಮನೆ, ಗಂಡನ ಮನೆ, ಇಲ್ಲವೆ ಮಠ, ಈ ಮೂರರಲ್ಲಿ ಒಂದರ ಗೋಡೆಯೊಳಗೆ ಇರತಕ್ಕದ್ದು. ಮನೆತನದ ಮಾನವು ಅವಳ ಮರೆಯಲ್ಲಿದೆ ಎಂಬುದೇ ಆ ಆದರ್ಶ. ಇದು ಎಲ್ಲರಿಗೂ ಸಲ್ಲುವ ಆದರ್ಶವಾಗಿರಲಿಲ್ಲ. ಪೇಟೆಯಲ್ಲಿ ಕುಳಿತು ಮಾರುವ ಮೂಲನಿವಾಸಿ ಸ್ತ್ರೀಯರಿಗಾಗಲಿ, ಆಫ್ರಿಕದಿಂದ ತಂದ ದಾಸಿಯರಿಗಾಗಲಿ ಗೋಡೆಯ ಮರೆಯು ದೊರೆಯುವಂತಿರಲಿಲ್ಲ. ದಾಸಿಯ ಮಗುವು ತಾಯಿಯ ಸ್ಥಿತಿಯನ್ನೇ ಪಡೆದು ದಾಸನಾಗುತ್ತಿತ್ತು. ಮಠವನ್ನು ಸೇರುವುದಕ್ಕೂ ಕುಲ ಬೇಕು, ಹಣ ಬೇಕು. ಸೋರ್ ಹ್ವಾನಳ ಮಠಪ್ರವೇಶಕ್ಕೆ ಮೂರು ಸಾವಿರ ಪೆಸೋಗಳ ಧನವನ್ನು ಕಟ್ಟಬೇಕಾಯಿತು. ಅದನ್ನು ಒಬ್ಬ ಧನಿಕನು ಕೊಟ್ಟನು. ಮೂಲನಿವಾಸಿ ಕುಲೀನಸ್ತ್ರೀಯರಿಗೆಂದು ಮೆಕ್ಸಿಕೋ ನಗರದಲ್ಲಿ ಮಠವೊಂದು ಸ್ಥಾಪಿತವಾದುದು ೧೭೨೪ರಲ್ಲಿ, ಎಂದರೆ ಸ್ಪೇನಿನವರು ಆ ದೇಶವನ್ನು ಗೆದ್ದ ಇನ್ನೂರು ವರ್ಷಗಳ ಮೇಲೆ.

ಆದರ್ಶಕ್ಕೂ ಬಾಳಿಗೂ ಇದ್ದ ದೂರವನ್ನು ಕಾಣಲು ಸೋರ್ ಹ್ವಾನಳ ಮನೆಯನ್ನೇ ನೋಡಬಹುದು. ಅವಳ ತಾಯಿ ಇಸಬೆಲ್ ರಮೀರೆಸ್ ಎಂಬವಳಿಗೆ ಸಹಿ ಮಾಡಲೂ ಬರುತ್ತಿರಲಿಲ್ಲವೆಂದು ಅವಳ ಮರಣಶಾಸನದಿಂದಲೇ ತಿಳಿಯುತ್ತದೆ. ಆದರೂ ಆಕೆ ತಂದೆಯ ತರುವಾಯ ಪಾನೋವಾಯಾ ಎಂಬ ಜಮೀನನ್ನು ತಾನೇ ನಡೆಸಿದಳು. ಇಬ್ಬರು ಪುರುಷರಿಂದ ಆರು ಮಕ್ಕಳನ್ನು ಪಡೆದಳು. ಇಬ್ಬರಲ್ಲಿ ಯಾರನ್ನೂ ವಿವಾಹವಾಗಲಿಲ್ಲ. ಇಂತಹ ಮನೆಗಳು ಆ ದೇಶದಲ್ಲಿ ವಿರಳವಾಗಿರಲಿಲ್ಲ. ಹೀಗಿದ್ದೂ ಮಠದಲ್ಲಿ ದೀಕ್ಷೆ ವಹಿಸುವಾಗ ಮಗಳು ತಾನು ಧರ್ಮಪತ್ನಿಯ ಮಗಳೆಂದೇ ಬರೆಯಿಸಬೇಕಾಯಿತು. ಆ ಸಮಾಜವು ಎಷ್ಟನ್ನು ಕಂಡೂ ಕಾಣದಂತಿರುತ್ತಿತ್ತು, ಯಾವುದನ್ನು ಬರಹದಲ್ಲಿ ಬರಗೊಡುತ್ತಿರಲಿಲ್ಲ, ಎಂಬುದಕ್ಕೆ ಇದೊಂದು ಉದಾಹರಣೆ ಸಾಕು.

೩

ಸೋರ್ ಹ್ವಾನಳ ಜನ್ಮವರ್ಷವನ್ನು ಅವಳ ಮೊದಲ ಚರಿತ್ರಕಾರನು ೧೬೫೧ ಎಂದನು. ದೊರೆತಿರುವ ಒಂದು ದೀಕ್ಷಾಸ್ನಾನದ ದಾಖಲೆಯನ್ನು ಅವಳದೆಂದು ಒಪ್ಪುವುದಾದರೆ ೧೬೪೮ ಎನ್ನಬೇಕು. ನೆಪಾಂತ್ಲಾ ಎಂಬ ಹಳ್ಳಿಯಲ್ಲಿ ಹುಟ್ಟಿದಳು. ಮೂರನೆಯ ವಯಸ್ಸಿನಲ್ಲಿ ಅಕ್ಕನ ಹಿಂದೆ ಹೋಗಿ, ನಮ್ಮ ಹಿಂದಿನ ಕೂಲಿಮಠಗಳಂತೆ ಮನೆಯಲ್ಲಿಯೇ ನಡೆಯುತ್ತಿದ್ದ ಹೆಣ್ಣುಮಕ್ಕಳ ಪಾಠಶಾಲೆಯಲ್ಲಿ, ತಾಯಿಗೆ ತಿಳಿಯದಂತೆ ಓದು ಕಲಿತಳು. ಆರೇಳು ವರ್ಷದವಳಾಗಿದ್ದಾಗ, ರಾಜಧಾನಿಯಲ್ಲಿ ವಿಶ್ವವಿದ್ಯಾನಿಲಯವಿದೆಯೆಂದು ಕೇಳಿ, ಗಂಡುಡುಗೆ ತೊಡಿಸಿ ತನ್ನನ್ನು ಅಲ್ಲಿಗೆ ಕಳುಹಿಸೆಂದು ತಾಯಿಯನ್ನು ಕಾಡಿದಳು. ತಾಯಿಯು ಒಪ್ಪದಿರಲು ಅಜ್ಜನ ಪುಸ್ತಕಗಳನ್ನು ಓದಿ ತೃಪ್ತಿಪಟ್ಟಳು. ಲ್ಯಾಟಿನ್ ಭಾಷೆಯನ್ನು ಇಪ್ಪತ್ತು ಪಾಠಗಳೊಳಗೆ ಹಿಡಿದಳೆಂದು ಹೇಳಿಕೆ. ಒಂದು ಗಡುವಿನೊಳಗೆ ಗೊತ್ತುಮಾಡಿಕೊಂಡ ಪಾಠವು ಬಾರದಿದ್ದರೆ ತಲೆಗೂದಲನ್ನು ಕತ್ತರಿಸಿಕೊಳ್ಳುತ್ತಿದ್ದಳು. ಅರಿವಿಲ್ಲದ ತಲೆಗೆ ಕೂದಲಿನ ಅಲಂಕಾರ ಏತಕ್ಕೆಂಬುದು ಅವಳ ತರ್ಕ.

ಮುಂದೆ ರಾಜಪ್ರತಿನಿಧಿಯಾದ ಮಂಸೇರಾ ಪ್ರಭುವಿನ ಅರಮನೆಯಲ್ಲಿ ಅವನ ಪತ್ನಿಯ ಪರಿವಾರದಲ್ಲಿ ಕೆಲವು ವರ್ಷಗಳಿದ್ದಳು. ನಾಲ್ವತ್ತು ಮಂದಿ ವಿದ್ವಾಂಸರು ಅವಳನ್ನು ಪರೀಕ್ಷಿಸಿ ಬೆರಗಾದರೆಂಬ ವೃತ್ತಾಂತವನ್ನು ಆ ಪ್ರಭುವೇ ಹೇಳಿದನಂತೆ. ೧೬೬೭ರಲ್ಲಿ ಕಠಿಣನಿಯಮದ ಕಾರ್ಮೆಲೈಟ್ ಮಠವನ್ನು ಸೇರಿ, ಅಲ್ಲಿ ನಿಲ್ಲಲಾರದೆ ಹೊರಬಂದು, ೧೬೬೯ನೆಯ ಫೆಬ್ರವರಿಯಲ್ಲಿ ಸಂತ ಜೆರೋಮನ ಮಠದಲ್ಲಿ ದೀಕ್ಷೆ ವಹಿಸಿದಳು. ವಿವಾಹದಲ್ಲಿ ತನಗೆ ಲೇಶವೂ ಮನಸ್ಸಿರಲಿಲ್ಲವಾಗಿ, ಉಳಿದ ದಾರಿಗಳಲ್ಲಿ ಇದೇ ಕಡಿಮೆ ಅನುಚಿತವಾದುದೆಂದು ಕಂಡಿತು ಎಂದು ಅವಳೇ ಮುಂದೆ ಬಿಚ್ಚಿ ಹೇಳಿದ್ದಾಳೆ. ಭಕ್ತಿಯ ಭಾಷೆಯಲ್ಲಿ ಅಲಂಕರಿಸಬಹುದಾಗಿದ್ದ ಒಂದು ನಿಶ್ಚಯವನ್ನು ಇಷ್ಟು ನೇರವಾಗಿ ಹೇಳಿರುವುದು ಗಮನಾರ್ಹ.

ಮಠದಲ್ಲಿ ಅವಳು ಲೆಕ್ಕಪತ್ರಗಳನ್ನು ನೋಡಿಕೊಂಡಳು, ನಾಟಕಗಳನ್ನು ಬರೆದಳು, ಚರ್ಚಿನ ಉತ್ಸವಗಳಿಗೆ ಹಾಡುಗಳನ್ನು ಕಟ್ಟಿದಳು, ಅರಮನೆಯ ಸಮಾರಂಭಗಳಿಗೆ ಪದ್ಯಗಳನ್ನು ಒದಗಿಸಿದಳು. ಹೆಣ್ಣನ್ನು ತಾವೇ ಕೆಡಿಸಿ ತಾವೇ ದೂರುವ ಗಂಡಸರನ್ನು ಕುರಿತ ಅವಳ ಪದ್ಯಗಳು ಇಂದಿಗೂ ಸ್ಪ್ಯಾನಿಷ್ ಬಲ್ಲವರ ಬಾಯಲ್ಲಿವೆ. ೯೭೫ ಪಂಕ್ತಿಗಳ ‘ಸ್ವಪ್ನ’ವೆಂಬ ಕಾವ್ಯದಲ್ಲಿ, ದೇಹವು ನಿದ್ರಿಸಿರುವಾಗ ಜೀವವು ವಿಶ್ವವನ್ನೆಲ್ಲ ಅರಿಯಲು ಮೇಲೇರಿ ಸೋತು ಮತ್ತೆ ಯತ್ನಿಸುವುದನ್ನು ವರ್ಣಿಸಿದಳು. ೧೬೮೦ರಿಂದ ೧೬೮೬ರವರೆಗೆ ರಾಜಪ್ರತಿನಿಧಿಯ ಪತ್ನಿಯಾಗಿದ್ದ ಮರಿಯಾ ಲೂಯಿಸಾ ಎಂಬ ಪ್ರಭ್ವಿಯು ಅವಳ ಆಪ್ತಸಖಿಯೂ ಪೋಷಕಿಯೂ ಆಗಿದ್ದಳು; ೧೬೮೯ರಲ್ಲಿ ಮ್ಯಾಡ್ರಿಡ್ ನಗರದಲ್ಲಿ ಅವಳ ಕಾವ್ಯಸಂಪುಟವು ಅಚ್ಚಾದುದು ಈ ಪ್ರಭ್ವಿಯ ಪ್ರಯತ್ನದಿಂದಲೇ.

೪

ಈಗ ಉತ್ತರಪತ್ರದ ಸಂದರ್ಭವನ್ನು ನೋಡೋಣ. ಪೋರ್ಚುಗಲ್ ದೇಶದ ಪ್ರಸಿದ್ಧ ಜೆಸ್ಯೂಟ್ ವಾಗ್ಮಿಯಾದ ಅಂತೋನಿಯೋ ವಿಯೇಯ್ರಾ ಎಂಬವನ ಹಳೆಯ ಉಪನ್ಯಾಸವೊಂದನ್ನು ಸೋರ್ ಹ್ವಾನಳು ಮಾತಿನಲ್ಲಿ ಖಂಡಿಸಿ, ಕೇಳಿದವರ ಒತ್ತಾಯದಿಂದ ಅದನ್ನು ಬರೆದುಕೊಟ್ಟಳು. ಪ್ವೆಬ್ಲಾ ಪಟ್ಟಣದ ಬಿಷಪ್ಪನಾದ ಮಾನ್ವೆಲ್ ಫೆರ್ನಾಂದೆಸ್ ದ ಸಾಂತಾ ಕ್ರೂಸನು ೧೬೯೦ರ ನವೆಂಬರಿನಲ್ಲಿ ಅದನ್ನು ಅಚ್ಚುಹಾಕಿಸಿದನು. ಅದಕ್ಕೆ ‘ಅಥೀನಾದೇವಿಗೆ ತಕ್ಕ ಪತ್ರ’ವೆಂಬರ್ಥದ ಹೆಸರನ್ನಿಟ್ಟು, ಮೊದಲಲ್ಲಿ ಒಂದು ಕಾಗದವನ್ನೂ ಸೇರಿಸಿದನು. ಆ ಕಾಗದಕ್ಕೆ ತನ್ನ ಹೆಸರು ಹಾಕದೆ ‘ಸೋರ್ ಫಿಲೊತೆಯಾ’ ಎಂಬ ಸನ್ಯಾಸಿನಿಯ ಹೆಸರನ್ನು ಹಾಕಿದನು. ಅದರಲ್ಲಿ ಹೊಗಳಿಕೆಯೂ ಇತ್ತು, ಬುದ್ಧಿವಾದವೂ ಇತ್ತು: ಇಷ್ಟು ಬುದ್ಧಿಯುಳ್ಳವಳು ಲೌಕಿಕ ವಿದ್ಯೆಗಳಲ್ಲಿ ಕಾಲಕಳೆಯುವುದನ್ನು ಬಿಟ್ಟು ಪವಿತ್ರಗ್ರಂಥಗಳ ಕಡೆಗೆ ತಿರುಗಬೇಕು ಎಂಬುದು ಸಾರ. ಗಂಡಸು ಹೆಣ್ಣಿನ ವೇಷದಲ್ಲಿ ಬಂದು ಹೆಣ್ಣಿಗೆ ಉಪದೇಶಿಸಿದ ಪ್ರಸಂಗವಿದು. ೧೬೯೧ರ ಮಾರ್ಚ್ ಒಂದನೆಯ ತಾರೀಖಿನಲ್ಲಿ ಸೋರ್ ಹ್ವಾನಳು ಉತ್ತರವನ್ನು ಬರೆದಳು. ಅದು ಅಚ್ಚಾದುದು ಅವಳ ಮರಣಾನಂತರ, ೧೭೦೦ರಲ್ಲಿ.

ಪತ್ರವು ವಿನಯದಿಂದ ಆರಂಭವಾಗುತ್ತದೆ. ಉತ್ತರವು ತಡವಾದುದಕ್ಕೆ ಕ್ಷಮೆ ಬೇಡುತ್ತಾಳೆ, ತಾನು ಅಜ್ಞಳೆನ್ನುತ್ತಾಳೆ, ಪವಿತ್ರವಿಷಯಗಳನ್ನು ಬರೆಯದಿರುವುದು ಅಲಕ್ಷ್ಯದಿಂದಲ್ಲ, ಭಯದಿಂದ ಎನ್ನುತ್ತಾಳೆ. ಕಾವ್ಯದಲ್ಲಿ ತಪ್ಪಿದರೆ ನಗೆಪಾಟಲಾಗಬಹುದಷ್ಟೇ. ಮತವಿಷಯದಲ್ಲಿ ತಪ್ಪಿದರೆ ಇನ್‌ಕ್ವಿಸಿಷನ್ ಎಂಬ ಧರ್ಮವಿಚಾರಣೆಯ ನ್ಯಾಯಸ್ಥಾನವಿದೆ ಎಂಬ ಸೂಚನೆಯನ್ನು ನಡುವೆ ತರುತ್ತಾಳೆ. ಇಲ್ಲಿಯೇ ವಾಚಕರು ಎಚ್ಚರಗೊಳ್ಳಬೇಕು. ಬಿಷಪ್ಪನು ಯಾವುದನ್ನು ಕೊರತೆಯೆಂದನೋ ಅದನ್ನೇ ಇವಳು ಅವನ ಸಂಸ್ಥೆಯ ಮೇಲಿನ ಗೌರವವನ್ನಾಗಿ ಪರಿವರ್ತಿಸಿದಳು. ವಿನಯವನ್ನು ಅಲ್ಲಗಳೆಯದೆ ಅದನ್ನೇ ವಾದದ ಮೊದಲ ಮೆಟ್ಟಿಲನ್ನಾಗಿ ಮಾಡಿಕೊಳ್ಳುವುದು ಪತ್ರದ ಉದ್ದಕ್ಕೂ ಅವಳ ರೀತಿ.

ಎರಡನೆಯ ಮೆಟ್ಟಿಲು ಬಾಳಿನ ಕಥೆ. ಮೇಲೆ ಹೇಳಿದ ಬಾಲ್ಯವೃತ್ತಾಂತವೆಲ್ಲವೂ ನಮಗೆ ಬಂದಿರುವುದು ಈ ಪತ್ರದಿಂದಲೇ. ಅದನ್ನು ಆತ್ಮಕಥೆಯೆಂದು ಓದುವುದು ವಾಡಿಕೆ. ಆದರೆ ಅದು ಇಲ್ಲಿ ಸಾಕ್ಷ್ಯವಾಗಿ ಬಂದಿದೆ. ಜ್ಞಾನದ ಬಯಕೆಯನ್ನು ತಾನು ಆರಿಸಿಕೊಂಡುದಲ್ಲ, ದೇವರೇ ಇಟ್ಟುದು, ಅದನ್ನು ಆರಿಸಲು ತಾನೇ ಬೇಡಿಕೊಂಡರೂ ಆರಲಿಲ್ಲ ಎಂದು ಸಾಧಿಸುವುದಕ್ಕಾಗಿ ಪ್ರತಿಯೊಂದು ಪ್ರಸಂಗವೂ ಅಲ್ಲಿ ನಿಂತಿದೆ. ಮಠದ ಹಿರಿಯಳೊಬ್ಬಳು ಓದು ಪಾಪಕ್ಕೆ ದಾರಿಯೆಂದು ಬಗೆದು ಪುಸ್ತಕಗಳನ್ನು ನಿಷೇಧಿಸಿದಳಂತೆ. ಸುಮಾರು ಮೂರು ತಿಂಗಳು ಸೋರ್ ಹ್ವಾನಳು ಪುಸ್ತಕವನ್ನು ಮುಟ್ಟಲಿಲ್ಲ, ಕಂಡುದನ್ನೆಲ್ಲ ಓದತೊಡಗಿದಳು. ಉದ್ದವಾದ ಶಯನಶಾಲೆಯ ಸಮಾನಾಂತರ ಗೋಡೆಗಳು ದೂರದಲ್ಲಿ ಕೂಡುವಂತೆ ತೋರುವುದೇಕೆ, ಹುಡುಗಿಯರು ಆಡುವ ಬುಗುರಿಯು ಹಿಟ್ಟಿನ ಮೇಲೆ ಯಾವ ಆಕಾರದ ರೇಖೆಯನ್ನು ಬರೆಯುವುದು, ಕಾದ ಎಣ್ಣೆಯಲ್ಲಿ ಕೂಡಿಕೊಳ್ಳುವ ಮೊಟ್ಟೆಯು ಸಕ್ಕರೆಯ ಪಾಕದಲ್ಲಿ ಒಡೆಯುವುದೇಕೆ, ಹುಳಿಹಣ್ಣಿನ ರಸ ಬೆರೆತ ತುಸು ನೀರಿನಿಂದ ಪಾಕವು ಗಟ್ಟಿಯಾಗದೆ ನಿಲ್ಲುವುದು ಹೇಗೆ, ಇವೆಲ್ಲವೂ ಅವಳ ಪಾಠಗಳಾದುವು. ಅಡಿಗೆ ಮಾಡಿದ್ದರೆ ಅರಿಸ್ಟಾಟಲನು ಇನ್ನೂ ಹೆಚ್ಚು ಬರೆಯುತ್ತಿದ್ದನೆಂದು ಹಾಸ್ಯದಿಂದ ಸೇರಿಸುತ್ತಾಳೆ.

ಈ ಹಾಸ್ಯವನ್ನು ಉದ್ಧರಿಸದ ವಿಮರ್ಶಕರಿಲ್ಲ. ಅದರ ಬೆಲೆಯನ್ನು ಕಟ್ಟಿದವರು ಕಡಿಮೆ. ಸ್ತ್ರೀಗೆ ತಕ್ಕ ಸ್ಥಳವು ಅಡಿಗೆಮನೆಯೆಂದು ಸಮಾಜವು ಹೇಳಿತ್ತು. ಅವಳು ಆ ಮಾತನ್ನು ನಿರಾಕರಿಸಿ ಹೊರಕ್ಕೆ ನಡೆಯಲಿಲ್ಲ. ಅಡಿಗೆಮನೆಯೂ ವಿಶ್ವವಿದ್ಯಾನಿಲಯವೇ ಎಂದು ತೋರಿಸಿದಳು. ಅಂದ ಮೇಲೆ ಪುಸ್ತಕಗಳನ್ನು ಕಿತ್ತುಕೊಂಡು ಪ್ರಯೋಜನವೇನು? ಎಲ್ಲಿ ನಿಲ್ಲಿಸಿದರೂ ಅರಿಯುವ ಬುದ್ಧಿಯನ್ನು ಗೋಡೆಯಿಂದ ತಡೆಯಲಾಗದೆಂಬ ವಾದವು ಲಘುವಾದ ಮಾತಿನ ಹಿಂದೆ ನಿಂತಿದೆ.

ಮೂರನೆಯ ಮೆಟ್ಟಿಲು ಶಾಸ್ತ್ರಾರ್ಥ. ಚರ್ಚಿನಲ್ಲಿ ಸ್ತ್ರೀಯರು ಸುಮ್ಮನಿರತಕ್ಕದ್ದೆಂಬ ಸಂತ ಪೌಲನ ವಿಧಿಯನ್ನು ಎದುರಿಗೆ ಇಟ್ಟುಕೊಂಡು, ಅದು ಪೀಠದಿಂದ ಬಹಿರಂಗವಾಗಿ ಉಪದೇಶಿಸುವುದಕ್ಕೆ ಮಾತ್ರ ಅನ್ವಯಿಸುವುದೆಂದೂ, ಏಕಾಂತದಲ್ಲಿ ಓದುವುದು ಬರೆಯುವುದು ಕಲಿಸುವುದು ನಿಷಿದ್ಧವಲ್ಲವೆಂದೂ ವಾದಿಸುತ್ತಾಳೆ. ಯೋಗ್ಯತೆಯಿಲ್ಲದ ಗಂಡಸರಿಗೂ ಶಾಸ್ತ್ರವ್ಯಾಖ್ಯಾನವು ಸಲ್ಲದು. ಅರ್ಹತೆಯನ್ನು ನೋಡಬೇಕಾದುದು ಬುದ್ಧಿಯಲ್ಲಿ, ಲಿಂಗದಲ್ಲಲ್ಲ ಎನ್ನುತ್ತಾಳೆ. ದೆಬೋರಾ, ಶೀಬದ ರಾಣಿ, ಹೈಪೇಷಿಯಾ, ಸಂತ ಪೌಲಾ, ಸ್ವೀಡನ್ನಿನ ಕ್ರಿಸ್ಟೀನಾ ಮೊದಲಾದ ವಿದುಷಿಯರ ಪರಂಪರೆಯನ್ನು ಮುಂದಿಡುತ್ತಾಳೆ. ತನ್ನ ಮಠಕ್ಕೆ ಹೆಸರನ್ನಿತ್ತ ಸಂತ ಜೆರೋಮನೇ ಸ್ತ್ರೀಯರಿಗೆ ಶಾಸ್ತ್ರ ಹೇಳಿದವನೆಂಬುದನ್ನು ಮರೆಯುವುದಿಲ್ಲ. ಇದರೊಡನೆ ಒಂದು ವ್ಯವಹಾರದ ಮಾತನ್ನೂ ಆಡುತ್ತಾಳೆ: ವಿದ್ಯಾವತಿಯರಾದ ಹಿರಿಯ ಹೆಂಗಸರು ಇಲ್ಲದ್ದರಿಂದ, ತಂದೆತಾಯಿಗಳು ಹುಡುಗಿಯರನ್ನು ಪುರುಷರ ಕೈಗೆ ಪಾಠಕ್ಕೆ ಒಪ್ಪಿಸಬೇಕಾಗಿ, ಅನರ್ಥಗಳು ಸಂಭವಿಸುತ್ತಿವೆ, ಬಹುಮಂದಿ ಇದಕ್ಕೆ ಅಂಜಿ ಹುಡುಗಿಯರನ್ನು ಅವಿದ್ಯೆಯಲ್ಲಿಯೇ ಇಡುತ್ತಾರೆ. ಆದ್ದರಿಂದ ಸ್ತ್ರೀಯರ ಮಾನವನ್ನು ಕಾಯುವುದಕ್ಕೇ ವಿದ್ಯೆ ಬೇಕು. ಮಾನದ ಹೆಸರಿನಲ್ಲಿ ಮುಚ್ಚಿದ ಬಾಗಿಲನ್ನು ಮಾನದ ಹೆಸರಿನಲ್ಲಿಯೇ ತೆರೆಯಿಸುವ ಕೌಶಲವಿದು.

೫

ಹಾಗಾದರೆ ಆ ವಿನಯವು ಕಪಟವೆ? ಇದಕ್ಕೆ ಉತ್ತರ ಹೇಳಲು ೧೯೮೦ರಲ್ಲಿ ದೊರೆತ ಒಂದು ಕಾಗದವು ಸಹಾಯಕ. ಮೆಕ್ಸಿಕೋ ದೇಶದ ಮೊಂತೆರ್ರೇ ಎಂಬಲ್ಲಿ ಸಿಕ್ಕಿದ ಈ ಕಾಗದದ ಪ್ರತಿಯನ್ನು ಸೋರ್ ಹ್ವಾನಳದೆಂದು ವಿದ್ವಾಂಸರಲ್ಲಿ ಬಹುಮಂದಿ ಒಪ್ಪಿದ್ದಾರೆ. ಅದು ಅವಳ ಪಾಪನಿವೇದನೆಯನ್ನು ಕೇಳುತ್ತಿದ್ದ ಗುರುವಾದ ಅಂತೋನಿಯೋ ನೂನ್ಯೆಸ್ ದ ಮಿರಾಂದಾ ಎಂಬ ಜೆಸ್ಯೂಟನಿಗೆ, ಉತ್ತರಪತ್ರಕ್ಕಿಂತ ಸುಮಾರು ಹತ್ತು ವರ್ಷ ಮುಂಚೆ ಬರೆದುದು. ತನ್ನನ್ನು ಕುರಿತು ಹತ್ತು ಜನರ ಮುಂದೆ ನಿಂದೆಯಾಡಿದುದಕ್ಕಾಗಿ ಅವನನ್ನು ಅದರಲ್ಲಿ ನೇರವಾಗಿ ಪ್ರಶ್ನಿಸಿದ್ದಾಳೆ. ಸ್ತ್ರೀಯರಿಗೆ ಏಕಾಂತದ ಅಧ್ಯಯನವನ್ನು ಯಾರು ನಿಷೇಧಿಸಿದರು, ಅವರಿಗೂ ವಿವೇಕವುಳ್ಳ ಆತ್ಮವಿಲ್ಲವೆ ಎಂದು ಕೇಳಿದ್ದಾಳೆ. ಇನ್ನು ಮುಂದೆ ತನ್ನ ಗುರುತ್ವವನ್ನು ಬಿಡಬಹುದೆಂದು ಅವನಿಗೆ ಸೂಚಿಸಿದ್ದಾಳೆ. ಅಲ್ಲಿ ಉಪಮೆಗಳಿಲ್ಲ, ಅಡಿಗೆಮನೆಯ ಹಾಸ್ಯವಿಲ್ಲ.

ಎರಡು ಕಾಗದಗಳ ವಾದವೂ ಹೆಚ್ಚುಕಡಮೆ ಒಂದೇ, ಮಾತಿನ ರೀತಿ ಮಾತ್ರ ಬೇರೆ. ಒಂದು ಒಬ್ಬನ ಕಣ್ಣಿಗೆ ಬಿದ್ದರೆ ಸಾಕಾದುದು. ಇನ್ನೊಂದು ಹಲವರ ಕೈಗೆ ಸಿಕ್ಕಬಹುದಾದುದು, ಪೀಠಾಧಿಪತಿಗೆ ಸಲ್ಲತಕ್ಕದ್ದು. ಆದ್ದರಿಂದ ಉತ್ತರಪತ್ರದ ವಿನಯವನ್ನು ಮನಸ್ಸಿನ ಭಾವವೆಂದೂ ಹೇಳಬೇಕಾಗಿಲ್ಲ, ಮೋಸವೆಂದೂ ಹೇಳಬೇಕಾಗಿಲ್ಲ. ಅದು ಆ ಬರಹದ ಜಾತಿಗೆ ಸೇರಿದ ಮರ್ಯಾದೆ; ಆ ಮರ್ಯಾದೆಯೊಳಗೆ ನಿಂತು ಎಷ್ಟು ಹೇಳಬಹುದೋ ಅಷ್ಟನ್ನೂ ಅವಳು ಹೇಳಿದಳು. ಪತ್ರದ ಕೊನೆಯಲ್ಲಿ ಇದಕ್ಕೆ ಅವಳದೇ ಸೂಚನೆಯುಂಟು. ಮುಸುಕು ಧರಿಸಿದ ಸೋದರಿಯೊಡನೆ ಮಾತಾಡುವೆನೆಂದು ಬಗೆದು ಸಲುಗೆಯಿಂದ ಬರೆದೆ, ಮುಸುಕಿಲ್ಲದೆ ಕಂಡಿದ್ದರೆ ಹೀಗಾಗುತ್ತಿರಲಿಲ್ಲ ಎಂಬರ್ಥದಲ್ಲಿ ಕ್ಷಮೆ ಕೇಳುತ್ತಾಳೆ. ಬಿಷಪ್ಪನ ವೇಷವನ್ನು ತಾನು ಬಲ್ಲೆನೆಂಬುದನ್ನೂ, ಆ ವೇಷವೇ ತನಗೆ ಮಾತಾಡುವ ಎಡೆಯನ್ನು ಕೊಟ್ಟಿತೆಂಬುದನ್ನೂ ಕ್ಷಮಾಪಣೆಯ ಒಂದು ವಾಕ್ಯದಲ್ಲಿ ಅಡಗಿಸಿದ್ದಾಳೆ. ಇದನ್ನು ವಿಧೇಯಳ ಶರಣಾಗತಿಯೆನ್ನುವವರು ಈ ವಾಕ್ಯವನ್ನು ಓದಿಲ್ಲ. ರಣಘೋಷವೆನ್ನುವವರು ಇದರ ನಯವನ್ನು ಗಮನಿಸಿಲ್ಲ.

೬

ಇನ್ನು ಕತರೀನಳ ಕಡೆಗೆ ತಿರುಗೋಣ. ಆಕೆ ಹದಿನೇಳನೆಯ ಶತಮಾನದ ಮೊದಲ ವರ್ಷಗಳಲ್ಲಿ ಮೊಗಲರ ರಾಜ್ಯದಲ್ಲಿ ಹುಟ್ಟಿದವಳು. ಬಾಲ್ಯದ ಹೆಸರು ಮಿರ್ರಾ. ಉನ್ನತಕುಲದವಳೆಂದು ಚರಿತ್ರಕಾರರು ಹೇಳುತ್ತಾರೆ. ಪೋರ್ಚುಗೀಸ್ ಕಡಲುಗಳ್ಳರ ಕೈಗೆ ಸಿಕ್ಕಿ, ಕೊಚ್ಚಿಯಲ್ಲಿ ಕ್ರೈಸ್ತದೀಕ್ಷೆ ಹೊಂದಿ, ಮನಿಲಾ ಪಟ್ಟಣದಲ್ಲಿ ಮಾರಲ್ಪಟ್ಟು, ವರ್ಷವರ್ಷವೂ ಅಲ್ಲಿಂದ ಅಕಪುಲ್ಕೋ ಬಂದರಿಗೆ ಹೋಗುತ್ತಿದ್ದ ಹಡಗಿನಲ್ಲಿ ನವಸ್ಪೇನನ್ನು ಸೇರಿದಳು. ಏಷ್ಯದಿಂದ ಬಂದ ದಾಸರನ್ನೆಲ್ಲ ಅಲ್ಲಿ ಚೀನೀಯರೆಂದೇ ಕರೆಯುತ್ತಿದ್ದರು. ಅವರ ದಾಸ್ಯವನ್ನು ಸ್ಪೇನಿನ ರಾಜಾಜ್ಞೆಯು ತೊಡೆದುಹಾಕಿದುದು ೧೬೭೨ರಲ್ಲಿ. ಪ್ವೆಬ್ಲಾ ಪಟ್ಟಣದ ಮಿಗೆಲ್ ದ ಸೋಸಾ ಎಂಬ ವರ್ತಕನ ಮನೆಯಲ್ಲಿ ಕತರೀನಳು ಊಳಿಗ ಮಾಡಿದಳು. ಯಜಮಾನನ ಮರಣಾನಂತರ ಬಿಡುಗಡೆ ಹೊಂದಿದಳು. ದೊಮಿಂಗೋ ಸುವಾರೆಸ್ ಎಂಬ ಚೀನೀ ದಾಸನೊಡನೆ ವಿವಾಹವಾಗಿಯೂ ಬ್ರಹ್ಮಚರ್ಯವನ್ನು ಬಿಡಲಿಲ್ಲವಂತೆ. ಉಪವಾಸ, ಪ್ರಾರ್ಥನೆ, ದರ್ಶನಗಳಿಂದ ಪಟ್ಟಣದವರ ಪೂಜ್ಯಭಾವವನ್ನು ಗಳಿಸಿ ೧೬೮೮ರ ಜನವರಿ ಐದರಂದು ತೀರಿಕೊಂಡಳು.

ಆಕೆಯ ಗುರುವಾದ ಅಲೊನ್ಸೋ ರಾಮೋಸ್ ಎಂಬ ಜೆಸ್ಯೂಟನು ೧೬೮೯ರಿಂದ ೧೬೯೨ರವರೆಗೆ ಮೂರು ಸಂಪುಟಗಳಲ್ಲಿ ಆಕೆಯ ಚರಿತ್ರೆಯನ್ನು ಬರೆದನು. ಆ ಗ್ರಂಥದಲ್ಲಿ ಕತರೀನಳು ಆತ್ಮದಿಂದ ದೂರದೇಶಗಳಿಗೆ ಹಾರುತ್ತಾಳೆ, ಸ್ಪೇನಿನ ಹಡಗುಗಳನ್ನು ಕಾಯುತ್ತಾಳೆ, ಪೂರ್ವದೇಶಗಳಲ್ಲಿ ಮತಪ್ರಚಾರವು ಹರಡುವುದನ್ನು ಕಾಣುತ್ತಾಳೆ. ಆಕೆಯ ದರ್ಶನಗಳೆಲ್ಲವೂ ಚಕ್ರಾಧಿಪತ್ಯದ ಬಯಕೆಗಳಿಗೆ ಇಷ್ಟು ಸರಿಯಾಗಿ ಹೊಂದುವುದನ್ನು ಕಂಡರೆ, ಕಂಡವಳು ಯಾರು, ಬರೆದವನು ಯಾರು ಎಂಬ ಸಂದೇಹವು ಹುಟ್ಟದಿರದು. ೧೬೯೨ರಲ್ಲಿ ಹೋಸೆ ದೆಲ್ ಕಾಸ್ತಿಯೋ ಗ್ರಹೆದಾ ಎಂಬ ಪಾದ್ರಿಯು ಬರೆದ ಚಿಕ್ಕ ಚರಿತ್ರೆಯು ಮಾತ್ರ ಬೇರೊಂದು ರೀತಿಯದು. ಆಕೆಗೆ ಸ್ಪ್ಯಾನಿಷ್ ಭಾಷೆಯು ಕೊನೆಯವರೆಗೂ ಪೂರ್ತಿಯಾಗಿ ಹಿಡಿಯಲಿಲ್ಲ. ಆಕೆಯ ವಿಭಕ್ತಿ ತಪ್ಪಿದ, ಕ್ರಿಯಾಪದ ಮುರಿದ ಮಾತುಗಳನ್ನು ಅವನು ಹಾಗೆಯೇ ಬರೆದಿಟ್ಟಿದ್ದಾನೆ. ರಾಮೋಸನ ಓಜಸ್ಸಿನ ಗದ್ಯದಲ್ಲಿ ಕಾಣದ ಒಬ್ಬ ಜೀವಂತ ಹೆಂಗಸು, ಈ ಕೆಲವು ತೊದಲುಮಾತುಗಳಲ್ಲಿ ಕ್ಷಣಮಾತ್ರ ಕಾಣಿಸುತ್ತಾಳೆ.

ಎರಡು ವೃತ್ತಾಂತಗಳೂ ಒಂದು ಕಡೆ ಕೂಡುತ್ತವೆ. ರಾಮೋಸನ ಮೊದಲ ಸಂಪುಟದ ಆರಂಭದಲ್ಲಿ ಅದನ್ನು ಸಮರ್ಥಿಸಿ ಬರೆದ ಒಂದು ಪತ್ರವಿದೆ. ಅದನ್ನು ಬರೆದವನು ನೂನ್ಯೆಸ್ ದ ಮಿರಾಂದಾ, ಸೋರ್ ಹ್ವಾನಳ ಪದ್ಯಗಳನ್ನು ಸಹಿಸದೆ ಹೋದ ಅದೇ ಗುರು. ಬರೆಯಬಲ್ಲವಳ ಲೇಖನಿಯು ಅವನಿಗೆ ಅಪಾಯವಾಗಿ ತೋರಿತು. ಬರೆಯಲಾರದವಳ ದರ್ಶನಗಳು ಪ್ರಕಟನೆಗೆ ಯೋಗ್ಯವಾಗಿ ತೋರಿದುವು. ಅವನು ಕ್ರೂರಿಯಾಗಿದ್ದನೆಂದು ಇದರಿಂದ ಹೇಳಲಾಗದು. ಸ್ತ್ರೀಯ ಅನುಭವವು ಪುರುಷನ ಕೈಯಿಂದ ಬರಹವಾಗುವವರೆಗೆ ಅದಕ್ಕೆ ಸ್ಥಳವುಂಟು, ತನ್ನ ಕೈಯಿಂದಲೇ ಬರಹವಾದಾಗ ಅದಕ್ಕೆ ಸ್ಥಳವಿಲ್ಲ ಎಂಬುದು ಆ ವ್ಯವಸ್ಥೆಯ ನಿಯಮವಾಗಿತ್ತು. ಆದರೆ ಆ ಮೊದಲ ಸ್ಥಳವೂ ಭದ್ರವಾದುದಲ್ಲ. ಇನ್‌ಕ್ವಿಸಿಷನ್ನಿನವರು ೧೬೯೧ರಲ್ಲಿ ಕತರೀನಳ ಚಿತ್ರಪಟಗಳನ್ನೂ, ೧೬೯೬ರಲ್ಲಿ ರಾಮೋಸನ ಗ್ರಂಥವನ್ನೂ ನಿಷೇಧಿಸಿದರು.

ಇಲ್ಲಿ ಇನ್ನೊಂದು ಕಹಿಯಾದ ಸಂಗತಿಯನ್ನು ಮರೆಮಾಚಬಾರದು. ಸೋರ್ ಹ್ವಾನಳ ಕೋಣೆಯಲ್ಲಿಯೂ ಒಬ್ಬ ದಾಸಿಯಿದ್ದಳು. ಹ್ವಾನಾ ದ ಸಾನ್ ಹೋಸೆ ಎಂಬ ಆ ಹುಡುಗಿಯನ್ನು ತಾಯಿಯು ಮಗಳಿಗೆ ಕೊಟ್ಟಳು. ಮುಂದೆ ಮಗಳು ಅವಳನ್ನು ತನ್ನ ಸೋದರಿಗೆ ಮಾರಿದಳು. ಈ ಮೂರನೆಯ ಹ್ವಾನಳ ಬಾಳನ್ನು ಅವಳೂ ಬರೆಯಲಿಲ್ಲ, ಪರರೂ ಬರೆಯಲಿಲ್ಲ. ಕ್ರಯಪತ್ರವು ಬರೆದಷ್ಟೇ ಉಳಿದಿದೆ. ಬುದ್ಧಿಗೆ ಲಿಂಗಭೇದವಿಲ್ಲವೆಂದು ಸಾಧಿಸಿದ ಪತ್ರವನ್ನು ಬರೆಯಲು ಬೇಕಾದ ಬಿಡುವು ಎಲ್ಲಿಂದ ಬಂತೆಂದು ಕೇಳಿದರೆ, ಉತ್ತರದ ಒಂದು ಭಾಗವು ಆ ಕ್ರಯಪತ್ರದಲ್ಲಿದೆ. ಇದರಿಂದ ಸೋರ್ ಹ್ವಾನಳ ವಾದವು ಸುಳ್ಳಾಗುವುದಿಲ್ಲ. ಅದು ಯಾರವರೆಗೆ ತಲಪಿತು, ಯಾರವರೆಗೆ ತಲಪಲಿಲ್ಲ ಎಂಬುದು ಸ್ಪಷ್ಟವಾಗುತ್ತದೆ.

೭

ಉತ್ತರಪತ್ರವಾದ ಎರಡು ಮೂರು ವರ್ಷಗಳಲ್ಲಿ ಸೋರ್ ಹ್ವಾನಳ ಲೇಖನಿಯು ನಿಂತಿತು. ೧೬೯೪ರಲ್ಲಿ ವ್ರತಗಳನ್ನು ನವೀಕರಿಸಿ ತನ್ನ ರಕ್ತದಿಂದ ಸಹಿ ಮಾಡಿದಳು. ಪುಸ್ತಕಗಳನ್ನು ಬಡವರಿಗಾಗಿ ಮಾರಿದಳೆಂದು ಹೇಳುತ್ತಾರೆ. ೧೬೯೫ರ ಏಪ್ರಿಲ್ ಹದಿನೇಳರಂದು, ಮಠವನ್ನು ಹೊಕ್ಕ ಸಾಂಕ್ರಾಮಿಕರೋಗದಲ್ಲಿ ಸೋದರಿಯರನ್ನು ಉಪಚರಿಸುತ್ತ, ತಾನೂ ಅದಕ್ಕೆ ಒಳಗಾಗಿ ಮೃತಳಾದಳು. ಇದನ್ನು ೧೭೦೦ರಲ್ಲಿ ಬರೆದ ಕಾಯೆಹಾ ಎಂಬ ಜೆಸ್ಯೂಟನು ಪುಣ್ಯಪರಿವರ್ತನೆಯೆಂದನು. ೧೭೦೨ರಲ್ಲಿ ನೂನ್ಯೆಸನ ಚರಿತ್ರೆಯನ್ನು ಬರೆದ ಒವಿಯೇದೋ ಎಂಬವನು ಗುರುವಿನ ಗೆಲುವೆಂದನು. ಮೆಕ್ಸಿಕೋ ದೇಶದ ಕವಿ ಒಕ್ತಾವಿಯೋ ಪಾಸನು ೧೯೮೨ರ ತನ್ನ ದೊಡ್ಡ ಗ್ರಂಥದಲ್ಲಿ ಇದನ್ನು ಪೀಠಾಧಿಕಾರಿಗಳ ಒತ್ತಡಕ್ಕೆ ಸಿಕ್ಕಿದ ಬುದ್ಧಿಜೀವಿಯ ಸೋಲೆಂದು ವರ್ಣಿಸಿದನು.

ಉತ್ತರಪತ್ರದ ಆರಂಭದಲ್ಲಿಯೇ ಅವಳು ಮೌನವನ್ನು ಕುರಿತು ಒಂದು ಮಾತನ್ನು ಹೇಳಿದ್ದಾಳೆ. ಮೌನವು ಬಹಳವನ್ನು ಹೇಳಬಲ್ಲುದು, ಆದರೆ ಅದಕ್ಕೆ ಒಂದು ಹೆಸರುಚೀಟಿಯನ್ನು ಅಂಟಿಸದಿದ್ದರೆ ಅದು ಏನನ್ನೂ ಹೇಳಿದಂತಾಗದು ಎಂಬುದು ಅದರ ತಾತ್ಪರ್ಯ. ಕೊನೆಯ ಮೌನಕ್ಕೆ ಅವಳು ಯಾವ ಚೀಟಿಯನ್ನೂ ಅಂಟಿಸಿ ಹೋಗಲಿಲ್ಲ. ಅಂಟಿಸಿದವರೆಲ್ಲರೂ ಪರರು. ರಾಮೋಸನು ಕತರೀನಳಿಗೆ ಮಾಡಿದುದನ್ನೇ ಕಾಯೆಹಾ ಮತ್ತು ಒವಿಯೇದೋ ಇವಳಿಗೆ ಮಾಡಿದರು. ಅವರನ್ನು ಖಂಡಿಸಹೊರಟ ನಾವೂ ಎಚ್ಚರ ತಪ್ಪಿದರೆ ಅದನ್ನೇ ಮಾಡುತ್ತೇವೆ. ಪಾಸನ ವಾದಕ್ಕೆ ಆಧಾರಗಳು ಬಲವಾಗಿವೆಯೆಂದು ನಾನು ಭಾವಿಸುತ್ತೇನೆ. ಆದರೂ ಅದು ನಮ್ಮ ಅನುಮಾನವೆಂದು ಹೇಳಿ, ಅವಳ ಮಾತಿನಿಂದ ಅದನ್ನು ಬೇರೆಯಾಗಿ ಇಡುವುದು ವಿಮರ್ಶೆಯ ಧರ್ಮ.

ಕನ್ನಡಿಗರಿಗೆ ಈ ಪ್ರಶ್ನೆಯು ದೂರದೇಶದ್ದಲ್ಲ. ಸೋರ್ ಹ್ವಾನಳು ಬರೆಯುತ್ತಿದ್ದ ಕಾಲದಲ್ಲಿಯೇ ಮೈಸೂರಿನಲ್ಲಿ ೧೬೭೩ರಿಂದ ೧೭೦೪ರವರೆಗೆ ಆಳಿದ ಚಿಕ್ಕದೇವರಾಜ ಒಡೆಯರ ಅರಮನೆಯಲ್ಲಿ ಸಂಚಿಯ ಹೊನ್ನಮ್ಮನು ‘ಹದಿಬದೆಯ ಧರ್ಮ’ವನ್ನು ಸಾಂಗತ್ಯದಲ್ಲಿ ರಚಿಸಿದಳು. ಒಬ್ಬರನ್ನೊಬ್ಬರು ಅರಿಯದ ಎರಡು ಲೋಕಗಳವು. ಅವುಗಳಿಗೆ ಸಂಬಂಧ ಕಲ್ಪಿಸುವುದು ಸಲ್ಲದು. ಆದರೂ ಅರಮನೆಯ ಆಶ್ರಯ, ಆರಂಭದ ವಿನಯ, ಪಾತಿವ್ರತ್ಯವನ್ನು ಬೋಧಿಸುವ ಗ್ರಂಥದ ನಡುವೆಯೇ ಹೆಣ್ಣನ್ನು ಹಳಿಯುವವರಿಗೆ ತಾಯ್ತನದ ನೆನಪನ್ನು ತಂದು ಹಾಕುವ ಪ್ರಶ್ನೆ, ಇವು ನಮಗೆ ಚಿರಪರಿಚಿತ. ಅವಳನ್ನು ತರಗತಿಗಳಲ್ಲಿ ಒಮ್ಮೆ ಪತಿವ್ರತೆಯರ ಗುರುವೆಂದೂ, ಒಮ್ಮೆ ಬಂಡಾಯಗಾರ್ತಿಯೆಂದೂ ಪಾಠ ಹೇಳುವಾಗ, ಇಲ್ಲಿ ಚರ್ಚಿಸಿದ ತಪ್ಪನ್ನು ನಾವೂ ಮಾಡುತ್ತಿರುವೆವೇನೋ ಎಂದು ಯೋಚಿಸುವುದು ಒಳ್ಳೆಯದು. ವಿನಯವು ಕಂಡಲ್ಲಿ ಅದು ಯಾರ ಎದುರಿಗೆ, ಯಾವ ಬರಹದ ಮರ್ಯಾದೆಗಾಗಿ, ಯಾವ ಮಾತನ್ನು ದಾಟಿಸುವುದಕ್ಕಾಗಿ ಬಂದಿದೆಯೆಂದು ಕೇಳಬೇಕು. ಮೌನವು ಕಂಡಲ್ಲಿ ಚೀಟಿಯನ್ನು ಅಂಟಿಸಿದ ಕೈ ಯಾರದೆಂದು ನೋಡಬೇಕು. ಇಷ್ಟನ್ನು ಮಾಡಿದರೆ, ತಾನೇ ಬರೆದವಳ ಮಾತು ಅವಳದಾಗಿ ಉಳಿಯುತ್ತದೆ. ಪರರು ಬರೆದವಳ ಒಂದೆರಡು ತೊದಲುಮಾತುಗಳಾದರೂ ನಮ್ಮ ಕಿವಿಗೆ ಬೀಳುತ್ತವೆ.